ಕಿತ್ತೂರಿನ ಹಿರಿಯ ರಾಣಿ, ಕನ್ನಡದ ಮೊದಲ ನಿರ್ಮಾಪಕಿ

ಬೈಲಹೊಂಗಲದ ಕೋಟೆಯಲ್ಲಿ ಸೆರೆಯಾಗಿದ್ದ ಚೆನ್ನಮ್ಮ ರಾಣಿ 1829ರ ಫೆಬ್ರುವರಿಯಲ್ಲಿ ಅಲ್ಲಿಯೇ ಕೊನೆಯುಸಿರೆಳೆದಳು. ಆ ಉಪವಿಭಾಗದಲ್ಲಿ ಕೆಲಕಾಲ ಸೇವೆಯಲ್ಲಿದ್ದ ನನಗೆ, ಇತಿಹಾಸದ ಮಾತು ಬಂದಾಗಲೆಲ್ಲ ಸವದತ್ತಿ, ರಾಮದುರ್ಗಗಳ ಹಿರಿಯರು 1961ರ ‘ಕಿತ್ತೂರು ಚೆನ್ನಮ್ಮ’ ಚಿತ್ರವನ್ನು ನೆನೆಯುತ್ತಿದ್ದುದು ಸೋಜಿಗವೆನಿಸುತ್ತಿತ್ತು. ಮಾತು ಬಿ. ಸರೋಜಾದೇವಿಯವರ ಚೆನ್ನಮ್ಮ, ರಾಜಕುಮಾರರ ಮಲ್ಲಸರ್ಜನಲ್ಲಿಯೇ ನಿಂತುಬಿಡುತ್ತಿತ್ತು. ಹಿರಿಯ ರಾಣಿ ರುದ್ರಮ್ಮನ ಪಾತ್ರ ವಹಿಸಿದ್ದ ಎಂ.ವಿ. ರಾಜಮ್ಮನವರ ಹೆಸರು ಬರುತ್ತಿದ್ದುದು ಅಪರೂಪ.

ಅದು ನ್ಯಾಯವಲ್ಲ. ಚೆನ್ನಮ್ಮ 1824ರಲ್ಲಿ ಕಂಪನಿ ಸರ್ಕಾರವನ್ನು ಎದುರಿಸಿದ್ದು ತನ್ನ ಹೊಟ್ಟೆಯ ಮಗನಿಗಾಗಿ ಅಲ್ಲ. ಸವತಿಯ ಮಗ ಶಿವಲಿಂಗರುದ್ರಸರ್ಜನು ದತ್ತು ಪಡೆದ ಹುಡುಗನ ಹಕ್ಕಿಗಾಗಿ. ಸವತಿಮಾತ್ಸರ್ಯವೇ ಕಥೆಯ ಬಂಡವಾಳವಾಗಿದ್ದ ಕಾಲದಲ್ಲಿ ಈ ಹಿರಿಯ ರಾಣಿಯ ಪಾತ್ರಕ್ಕೆ ಗಾಂಭೀರ್ಯವುಳ್ಳ ನಟಿಯೇ ಬೇಕಾಗಿತ್ತು.

ರಾಜಮ್ಮನವರು ರಂಗಭೂಮಿಯಿಂದ ಬಂದವರು. 1936ರ ‘ಸಂಸಾರ ನೌಕೆ’ ಕನ್ನಡದ ಮೊದಲ ಸಾಮಾಜಿಕ ವಾಕ್ಚಿತ್ರವೆಂದು ಹೆಸರಾಗಿದೆ, ಎಚ್.ಎಲ್.ಎನ್. ಸಿಂಹ ನಿರ್ದೇಶಿಸಿದ ಆ ಚಿತ್ರದಲ್ಲಿ ಬಿ.ಆರ್. ಪಂತುಲು ನಾಯಕ, ಇವರು ನಾಯಕಿ. ಕನ್ನಡದಲ್ಲಿ ವರ್ಷಕ್ಕೊಂದು ಚಿತ್ರ ಬಂದರೆ ಹೆಚ್ಚು ಎಂಬ ದಿನಗಳವು. ನಟಿಯೊಬ್ಬಳು ಅಷ್ಟನ್ನೇ ನಂಬಿ ಬದುಕುವಂತಿರಲಿಲ್ಲ. ತಮಿಳು ಅವರನ್ನು ಕರೆಯಿತು. 1940ರ ‘ಉತ್ತಮ ಪುತ್ರನ್’ ಚಿತ್ರದಲ್ಲಿ ಪಿ.ಯು. ಚಿನ್ನಪ್ಪನವರಿಗೆ ನಾಯಕಿಯಾದರು.

ಅಲ್ಲಿಯೇ ನೆಲೆನಿಂತಿದ್ದರೆ ಯಾರೂ ಆಕ್ಷೇಪಿಸುತ್ತಿರಲಿಲ್ಲ. ಅವರು ಮಾಡಿದ್ದು ಬೇರೆ. 1943ರಲ್ಲಿ ‘ರಾಧಾರಮಣ’ವನ್ನು ತಾವೇ ನಿರ್ಮಿಸಿ ಕನ್ನಡದ ಮೊದಲ ನಿರ್ಮಾಪಕಿಯೆನಿಸಿದರು. ಅರ್ಥಶಾಸ್ತ್ರ ಓದಿದ ನನ್ನಂಥವನಿಗೆ ಆ ಇಸವಿಯೇ ದೊಡ್ಡದಾಗಿ ಕಾಣುತ್ತದೆ. ಮಹಾಯುದ್ಧದ ನಡುಗಾಲ; ಕಚ್ಚಾ ಫಿಲಂ ವಿದೇಶದಿಂದಲೇ ಬರಬೇಕು, ಅದರ ಹಂಚಿಕೆಗೆ ಸರ್ಕಾರದ ನಿಯಂತ್ರಣ. ಮಾರುಕಟ್ಟೆಯೋ ಹಳೆಯ ಮೈಸೂರು, ಮುಂಬಯಿ, ಹೈದರಾಬಾದು, ಮದರಾಸುಗಳಲ್ಲಿ ಹರಿದು ಹಂಚಿಹೋಗಿತ್ತು. ಇಂಥ ಲೆಕ್ಕಕ್ಕೆ ವಿವೇಕಿಯಾದ ಯಾವ ಬ್ಯಾಂಕರನೂ ಸಾಲ ಮಂಜೂರು ಮಾಡುತ್ತಿರಲಿಲ್ಲವೆಂದು ನನ್ನ ಅಂದಾಜು. ಆ ಚಿತ್ರದಲ್ಲಿ ಬೆಳ್ಳಿತೆರೆಗೆ ಬಂದವರಲ್ಲಿ ಜಿ.ವಿ. ಅಯ್ಯರ್ ಮತ್ತು ಬಾಲಕೃಷ್ಣ ಸೇರಿದ್ದರು. ಮುಂದಿನ ದಶಕಗಳಲ್ಲಿ ಕನ್ನಡ ಚಿತ್ರರಂಗಕ್ಕೆ ಅವರಿಬ್ಬರೂ ಏನಾದರೆಂಬುದನ್ನು ಬಲ್ಲವರಿಗೆ ಈ ಹೂಡಿಕೆಯ ಪ್ರತಿಫಲವನ್ನು ವಿವರಿಸಬೇಕಿಲ್ಲ.

ಆಮೇಲಿನ ರಾಜಮ್ಮ ತಾಯಿಯ ಪಾತ್ರಗಳ ರಾಜಮ್ಮ. 1958ರ ‘ಸ್ಕೂಲ್ ಮಾಸ್ಟರ್’ನಲ್ಲಿ, ಮಕ್ಕಳಿಂದ ಕಡೆಗಣಿಸಲ್ಪಟ್ಟ ವೃದ್ಧ ದಂಪತಿಗಳಾಗಿ ಅವರೂ ಪಂತುಲು ಅವರೂ ಮತ್ತೆ ಜೊತೆಯಾದರು. ಅದೇ ಪಂತುಲು ‘ಕಿತ್ತೂರು ಚೆನ್ನಮ್ಮ’ನ ನಿರ್ಮಾಪಕ, ನಿರ್ದೇಶಕ. ಏಕೀಕರಣವಾಗಿ ಐದೇ ವರ್ಷ; ಬೆಳಗಾವಿ ಸೀಮೆಯ ಕಥೆ ಮೈಸೂರು ಸೀಮೆಯ ಮನೆಮಾತಾಗಲು ಪಠ್ಯಪುಸ್ತಕಕ್ಕಿಂತ ಆ ಚಿತ್ರ ಹೆಚ್ಚು ನೆರವಾಯಿತೆಂದು ನಾನು ಭಾವಿಸುತ್ತೇನೆ.

ಕ್ಯಾಮೆರಾದ ಹಿಂದಿನ ಜಾಗ ಮಾತ್ರ ಹೆಣ್ಣಿಗೆ ಬಹುಕಾಲ ಮುಚ್ಚಿಯೇ ಇತ್ತು. ಆ ಬಾಗಿಲನ್ನು 1985ರ ತಮಿಳು ಚಿತ್ರ ‘ಚಿನ್ನವೀಡು’ವಿನ ಮೂಲಕ ಛಾಯಾಗ್ರಾಹಕಿಯಾಗಿ ತೆರೆದವರು ಪಂತುಲು ಅವರ ಮಗಳೇ ಆದ ಬಿ.ಆರ್. ವಿಜಯಲಕ್ಷ್ಮಿ. ಅದನ್ನು ಕಾಣಲು 1974ರಲ್ಲೇ ತೀರಿಕೊಂಡಿದ್ದ ತಂದೆ ಇರಲಿಲ್ಲ, ರಾಜಮ್ಮನವರು ಇದ್ದರು. ಅವರು ನಿಧನರಾದದ್ದು 1999ರಲ್ಲಿ.