ನೋಟಿನ ಮೇಲೆ ಮುಖ ಬಂತು, ಪುಸ್ತಕದ ಮೇಲೆ ಹೆಸರು ಬರಲಿಲ್ಲ!

ನಮ್ಮ ನೋಟಿನ ಮೇಲೆ ಗಾಂಧೀಜಿ ಇದ್ದ ಹಾಗೆ ಆಸ್ಟ್ರೇಲಿಯಾದ 50 ಡಾಲರ್ ನೋಟಿನ ಮೇಲೆ ಡೇವಿಡ್ ಯುನೈಪಾನ್ ಇದ್ದಾರೆ. ಆ ನೆಲದ ಮೂಲನಿವಾಸಿ. 1995ರಿಂದ ಅವರ ಮುಖ ಅಂಗಡಿಯ ಗಲ್ಲಾಪೆಟ್ಟಿಗೆಗಳಲ್ಲಿ ಓಡಾಡುತ್ತಿದೆ. ಬದುಕಿದ್ದಾಗ ಮಾತ್ರ ಈ ಪುಣ್ಯಾತ್ಮರು ಊರೂರು ಸುತ್ತಿ ಭಾಷಣ ಮಾಡಿದರೆ, ರಾತ್ರಿ ಮಲಗಲು ರೂಮು ಸಿಗುವುದೇ ಕಷ್ಟವಾಗಿತ್ತು. ಕಾರಣ, ಮೈಬಣ್ಣ!

ಹುಟ್ಟಿದ್ದು 1872ರಲ್ಲಿ, ದಕ್ಷಿಣ ಆಸ್ಟ್ರೇಲಿಯಾದ ಪಾಯಿಂಟ್ ಮೆಕ್ಲೇ ಎಂಬ ಪಾದ್ರಿಗಳ ಮಿಷನ್ ಊರಿನಲ್ಲಿ. ನರಿಂಜೆರಿ ಜನ. 13ರ ಸುಮಾರಿಗೇ ಶಾಲೆ ಬಿಟ್ಟು ಬಿಳಿಯರ ಮನೆಯಲ್ಲಿ ಆಳಾಗಿ ಸೇರಿದರು. ಯಜಮಾನ ಒಳ್ಳೆಯವನು, ಓದಲು ಹುರಿದುಂಬಿಸಿದ. ಹುಡುಗನಿಗೆ ಯಂತ್ರಗಳ ಹುಚ್ಚು ಹಿಡಿಯಿತು. 1909ರಲ್ಲಿ ಕುರಿ ಉಣ್ಣೆ ಕತ್ತರಿಸುವ ಯಂತ್ರದ ಕೈಹಿಡಿಯನ್ನು ಸುಧಾರಿಸಿ ಪೇಟೆಂಟಿಗೆ ಅರ್ಜಿ ಹಾಕಿದರು. ಮುಂದಿನ ಖರ್ಚಿಗೆ ದುಡ್ಡಿಲ್ಲದೆ ಅದು ಬಿದ್ದುಹೋಯಿತು. ಲಾಭ ಕಂಡವರು ಬೇರೆಯವರು.

ಅದಕ್ಕಿಂತ ದೊಡ್ಡ ಪೆಟ್ಟು ಬಿದ್ದದ್ದು ಕಥೆಗಳ ವಿಷಯದಲ್ಲಿ. ಮೂಲನಿವಾಸಿಗಳೆಂದರೆ ಇನ್ನೇನು ಅಳಿದೇ ಹೋಗುವ ಜನ ಅಂತ ಅಲ್ಲಿನ ಪತ್ರಿಕೆಗಳು ಬರೆಯುತ್ತಿದ್ದ ಕಾಲ ಅದು. ಅವರ ಬಗ್ಗೆ ಬರೆಯುವವರೆಲ್ಲ ಬಿಳಿಯರೇ. 1924ರಲ್ಲಿ ಸಿಡ್ನಿಯ ಡೈಲಿ ಟೆಲಿಗ್ರಾಫ್ ಪತ್ರಿಕೆಯಲ್ಲಿ ಯುನೈಪಾನ್ ತಮ್ಮ ಜನರ ವಿಚಾರ ತಾವೇ ಬರೆದರು. ಆಮೇಲೆ ಊರೂರು ತಿರುಗಿ ಹಿರಿಯರಿಂದ ಕಥೆ ಕೇಳಿ ಬರೆದುಕೊಂಡರು. ನರೂಂಡಾರಿ ಎಂಬ ಮೂಲಪುರುಷ, ತಿನ್ನಬಾರದ ಮೀನು ತಿಂದು ಓಡಿಹೋದ ಅವನ ಇಬ್ಬರು ಹೆಂಡಿರು, ಅವರು ಸಮುದ್ರದಲ್ಲಿ ಮುಳುಗಿ ಬಂಡೆಗಳಾದದ್ದು, ಇಂಥವೆಲ್ಲ. ಬೈಬಲ್ ಇಂಗ್ಲಿಷಿನ ವಾಸನೆ ಬರಹಕ್ಕೆ ಅಂಟಿಕೊಂಡಿತ್ತು, ನಿಜ. ಹಾಗಂತ ಕಥೆ ಪರರದಾಗುತ್ತದೆಯೇ?

ಆಗಿಹೋಯಿತು! ಹಸ್ತಪ್ರತಿ ತೆಗೆದುಕೊಂಡ ಪ್ರಕಾಶಕರು ಅದನ್ನು ಅಡಿಲೇಡಿನ ಡಾಕ್ಟರ್ ವಿಲಿಯಂ ರಾಮ್ಸೆ ಸ್ಮಿತ್ ಅವರಿಗೆ ಮಾರಿದರು. 1930ರಲ್ಲಿ ಲಂಡನ್ನಿನಿಂದ ದಪ್ಪ ಪುಸ್ತಕವೊಂದು ಹೊರಬಂತು. ಲೇಖಕರು ಸ್ಮಿತ್ ಸಾಹೇಬರು! ಯುನೈಪಾನ್ ಹೆಸರು ಒಳಗೆ ಹುಡುಕಿದರೂ ಇಲ್ಲ. ಈ ಡಾಕ್ಟರು ಹಿಂದೆ ಮೂಲನಿವಾಸಿಗಳ ಎಲುಬುಗಳನ್ನು ಕೂಡಿಹಾಕಿ ಎಡಿನ್‌ಬರೋಗೆ ಕಳಿಸಿದವರು. ಎಲುಬಾಯಿತು, ಇನ್ನು ಕಥೆ.

ಯುನೈಪಾನ್ ಮುದುಕರಾದರೂ ಸುಮ್ಮನಿರಲಿಲ್ಲ. ನಿಲ್ಲದೆ ತಿರುಗುವ ಯಂತ್ರದ ಗುಟ್ಟು ಹುಡುಕುತ್ತಾ ಕೂತರು. 1967ರ ಫೆಬ್ರವರಿಯಲ್ಲಿ, 94ನೇ ವಯಸ್ಸಿನಲ್ಲಿ ತೀರಿಕೊಂಡರು. ಮೂಲನಿವಾಸಿಗಳನ್ನೂ ದೇಶದ ಜನಗಣತಿಯಲ್ಲಿ ಎಣಿಸಬೇಕೆಂದು ಜನ ಮತ ಹಾಕಿದ್ದು ಅದೇ ವರ್ಷದ ಮೇ ತಿಂಗಳಲ್ಲಿ.

ಅವರ ಹಸ್ತಪ್ರತಿ ಸಿಡ್ನಿಯ ಮಿಚೆಲ್ ಲೈಬ್ರರಿಯಲ್ಲಿ ಉಳಿದಿತ್ತು. ಇಬ್ಬರು ವಿದ್ವಾಂಸರು ಅದನ್ನು ತಿದ್ದಿ ಅಣಿಮಾಡಿ, 2001ರಲ್ಲಿ ಡೇವಿಡ್ ಯುನೈಪಾನ್ ಹೆಸರಿನಲ್ಲೇ ಅಚ್ಚುಮಾಡಿಸಿದರು. ನೋಟಿನ ಮೇಲೆ ಮುಖ ಬಂದು ಅಷ್ಟೊತ್ತಿಗೆ ಆರು ವರ್ಷವಾಗಿತ್ತು.