ನಾದಕ್ಕೆ ರುಚಿ ಕೊಟ್ಟ ದಾಸರು

ಫ್ರಾನ್ಸ್ ದೇಶದ ಲೇಖಕ ಬೊರಿಸ್ ವಿಯಾನ್ 1947ರಲ್ಲಿ ಪ್ರಕಟಿಸಿದ ಕಾದಂಬರಿಯೊಂದರಲ್ಲಿ ವಿಚಿತ್ರವಾದ ಪಿಯಾನೊ ಒಂದು ಬರುತ್ತದೆ. ಅದರ ಒಂದೊಂದು ಕೀಲಿಗೂ ಒಂದೊಂದು ಪಾನೀಯ ಗೊತ್ತಾಗಿದೆ. ವಾದಕನು ನುಡಿಸಿದ ಧಾಟಿಗೆ ತಕ್ಕ ಮಿಶ್ರಣವು ಬಟ್ಟಲಿಗೆ ಇಳಿಯುತ್ತದೆ. ಕಿವಿಯ ಸುಖವನ್ನು ನಾಲಗೆಗೆ ದಾಟಿಸುವ ಈ ವಾದ್ಯ ಕೇವಲ ಕಲ್ಪನೆ. ಅದರ ಹಿಂದಿನ ಆಸೆ ಮಾತ್ರ ಹೊಸದಲ್ಲ. ಊಟದ ರುಚಿಗೂ ಕಾವ್ಯದ ಆನಂದಕ್ಕೂ ರಸವೆಂಬ ಒಂದೇ ಹೆಸರಿಟ್ಟ ನಾಡು ನಮ್ಮದು. ಇಲ್ಲಿ, ಒಂದು ತಂಬೂರಿ, ಒಂದು ಜೊತೆ ತಾಳ, ಇಷ್ಟರ ನೆರವಿನಿಂದಲೇ ನಾದವನ್ನು ಸವಿಯಾಗಿಸಿದವರು ಹಂಪೆಯ ಬೀದಿಗಳಲ್ಲಿ ಹಾಡಿಕೊಂಡು ತಿರುಗಿದ ಪುರಂದರದಾಸರು.

ದಾಸರು 1484ರಲ್ಲಿ ಜನಿಸಿದರೆಂದು ಸಂಪ್ರದಾಯ. ಜನ್ಮಸ್ಥಳ ಪುಣೆಯ ಸಮೀಪದ ಪುರಂದರಗಡವೆಂದು ಬಹುಕಾಲ ನಂಬಲಾಗಿತ್ತು. ತೀರ್ಥಹಳ್ಳಿಯ ಕಡೆಯ ಆರಗದ ಸೀಮೆಯೆಂಬ ವಾದವೂ ಬಲವಾಗಿದೆ. ಪೂರ್ವಾಶ್ರಮದ ಹೆಸರು ಶ್ರೀನಿವಾಸ ನಾಯಕ, ವೃತ್ತಿ ಚಿನಿವಾರಿಕೆ. ಅಪಾರ ಸಂಪತ್ತು, ಅಷ್ಟೇ ಅಪಾರವಾದ ಜಿಪುಣತನ. ಮಗನ ಉಪನಯನಕ್ಕೆಂದು ನೆರವು ಬೇಡಿ ಬಂದ ಬಡ ಬ್ರಾಹ್ಮಣನನ್ನು ಇಂದು ನಾಳೆ ಎಂದು ಅಲೆದಾಡಿಸಿದರಂತೆ. ಆತನ ದೈನ್ಯಕ್ಕೆ ಕರಗಿ ಪತ್ನಿ ಸರಸ್ವತಿ ತನ್ನ ಮೂಗುತಿಯನ್ನೇ ಕೊಟ್ಟಳು. ಅದು ಮಾರಾಟಕ್ಕೆ ಬಂದದ್ದು ನಾಯಕರ ಅಂಗಡಿಗೇ. ಗಂಡ ಮನೆಗೆ ಬಂದು ಮೂಗುತಿಯನ್ನು ಕೇಳಿದಾಗ ದಿಕ್ಕು ತೋಚದ ಆ ಸಾಧ್ವಿ ವಿಷದ ಬಟ್ಟಲನ್ನು ತುಟಿಗೆತ್ತಿದಳು. ಆಗ ಬಟ್ಟಲೊಳಗೆ ಏನೋ ಬಿದ್ದ ಸದ್ದು, ನೋಡಿದರೆ ಮೂಗುತಿ. ಅತ್ತ ಅಂಗಡಿಯ ಪೆಟ್ಟಿಗೆ ಬರಿದಾಗಿತ್ತು. ಇದನ್ನು ಇತಿಹಾಸವೆಂದು ಸಾಧಿಸಹೊರಡುವುದು ವ್ಯರ್ಥ. ಆದರೆ ಕನ್ನಡಿಗರು ದಾಸರ ಬದುಕಿನ ತಿರುವನ್ನು ನೆನೆಯುವಾಗ ವಿಷ ತುಂಬಿದ ಬಟ್ಟಲನ್ನೂ ಅದರಲ್ಲಿ ಹೊಮ್ಮಿದ ಕಿರುದನಿಯನ್ನೂ ಒಟ್ಟಿಗೆ ನೆನೆಯುತ್ತಾರೆಂಬುದು ಗಮನಾರ್ಹ.

ಸಂಪತ್ತನ್ನು ದಾನವಿತ್ತು ನಾಯಕರು ವಿಜಯನಗರಕ್ಕೆ ಬಂದರು. ಸುಮಾರು 1525ರಲ್ಲಿ ವ್ಯಾಸರಾಯರಿಂದ ದೀಕ್ಷೆಯನ್ನೂ ಪುರಂದರವಿಠಲನೆಂಬ ಅಂಕಿತವನ್ನೂ ಪಡೆದರು. ಅಂದಿನಿಂದ ಅವರದು ಮಧುಕರ ವೃತ್ತಿ. ಮನೆಮನೆಯಿಂದ ಬಂದ ಹಿಡಿ ಅಕ್ಕಿ ಅಂದಿಗೆ, ನಾಳೆಗೆಂದು ಕೂಡಿಡುವಂತಿಲ್ಲ. ಹೀಗೆ ಬದುಕಿದವರ ಬಾಯಲ್ಲಿ ಹರಿನಾಮಗಳು ಪಾಯಸವಾದವು, ಸಕ್ಕರೆಯಾದವು, ತುಪ್ಪವಾದವು. ತುಂಬಿದ ಹೊಟ್ಟೆಯವರ ವಿನೋದವಾಗಿದ್ದರೆ ಈ ಮಾತು ಹಗುರಾಗುತ್ತಿತ್ತು. ಬರಿಗೈಯವರು ಬರಿಗೈಯವರಿಗೆ ಬಡಿಸಿದ್ದರಿಂದ ಅದಕ್ಕೆ ತೂಕ ಬಂದಿತು.

ಚಿನಿವಾರಿಕೆ ಬಿಟ್ಟರೂ ವ್ಯಾಪಾರದ ನುಡಿಗಟ್ಟನ್ನು ಅವರು ಬಿಡಲಿಲ್ಲ. ಕಲ್ಲುಸಕ್ಕರೆಯನ್ನು ಕುರಿತ ಪದದಲ್ಲಿ ಪೇಟೆಯ ವರ್ತಕನಂತೆ ಕೂಗಿ ಕರೆಯುತ್ತಾರೆ. ಎತ್ತಿನ ಮೇಲೆ ಹೇರಬೇಕಾಗಿಲ್ಲದ, ಗೋಣಿಯಲ್ಲಿ ತುಂಬಬೇಕಾಗಿಲ್ಲದ, ಸುಂಕವಿಲ್ಲದ, ಕೆಡದ ಸರಕು ಅದು. ಸುಂಕದ ಕಟ್ಟೆಗಳನ್ನೂ ಹೇರೆತ್ತುಗಳ ಸಾಲನ್ನೂ ನಿತ್ಯ ಕಾಣುತ್ತಿದ್ದ ರಾಜಧಾನಿಯ ಜನಕ್ಕೆ ಇದು ಎಷ್ಟು ಬೇಗ ಮನಮುಟ್ಟಿರಬೇಕು! ಹೊಸಪೇಟೆ, ಕಂಪ್ಲಿಗಳ ಸುತ್ತಿನದು ಕಬ್ಬಿನ ಸೀಮೆ. ವಿಜಯನಗರದ ಅರಸರ ಕಾಲದ ಕಾಲುವೆಗಳು ಇಂದಿಗೂ ಇಲ್ಲಿ ಹರಿಯುತ್ತಿವೆ. ಬೆಲ್ಲದ ರುಚಿ ಬಲ್ಲವರಿಗೆ ದಾಸರ ಉಪಮೆ ದೂರದ್ದಲ್ಲ.

ಆದರೆ ಅವರು ಸಿಹಿಯನ್ನಷ್ಟೇ ಹಂಚಿದವರಲ್ಲ. ಬೇವನ್ನು ಬೆಲ್ಲದಲ್ಲಿಟ್ಟ ಮಾತ್ರಕ್ಕೆ ಕಹಿ ಹೋಗದೆಂದು ಹಾಡಿ ಬೂಟಾಟಿಕೆಯನ್ನು ಬಯಲಿಗೆಳೆದರು. ಆಚಾರಗೆಟ್ಟು ಚಾಡಿಗೆ ಹರಿಯುವ ನಾಲಗೆಯನ್ನೇ ಎದುರಿಗೆ ನಿಲ್ಲಿಸಿಕೊಂಡು ಗದರಿದರು. ರುಚಿ ನೋಡುವುದೂ ನಾಲಗೆ, ನುಡಿಯುವುದೂ ನಾಲಗೆ. ಅದು ಶ್ರುತಿಗೆ ನಿಲ್ಲದಿದ್ದರೆ ತಂಬೂರಿಯನ್ನು ಎಷ್ಟು ಮೀಟಿದರೇನು?

ಅದೇ ನಗರದಲ್ಲಿ ಶಾಸ್ತ್ರಜ್ಞರೂ ನಾದವನ್ನು ಅರಸುತ್ತಿದ್ದರು. ರಾಮಾಮಾತ್ಯನು 1550ರಲ್ಲಿ ಸ್ವರಮೇಲಕಲಾನಿಧಿಯನ್ನು ರಚಿಸಿ, ವೀಣೆಯ ಮೆಟ್ಟಿಲುಗಳಲ್ಲಿ ಸ್ವರಸ್ಥಾನಗಳನ್ನು ನಿರ್ಣಯಿಸಿದನು; ಅವನು ವಿವರಿಸಿದ ವೀಣೆಗಳಲ್ಲೊಂದಕ್ಕೆ ಅಚ್ಯುತರಾಯನ ಹೆಸರಿದೆ. ವಿಠ್ಠಲ ದೇವಾಲಯದಲ್ಲಿ ಶಿಲ್ಪಿಗಳು ಕಲ್ಲಿನ ಕಂಬಗಳಿಂದಲೇ ಸ್ವರ ಹೊರಡಿಸಿದರು. ದಾಸರು ಹಿಡಿದದ್ದು ಮಕ್ಕಳ ನಾಲಗೆಯ ದಾರಿ. ಮಾಯಾಮಾಳವಗೌಳದಲ್ಲಿ ಸರಳೆ, ಜಂಟಿ ವರಸೆಗಳು, ಅಲಂಕಾರಗಳು, ಬಳಿಕ ಪಿಳ್ಳಾರಿ ಗೀತೆಗಳು ಎಂಬ ಪಾಠಕ್ರಮವನ್ನು ಪರಂಪರೆ ಅವರಿಗೇ ಸಲ್ಲಿಸಿದೆ. ಕರ್ಣಾಟಕ ಸಂಗೀತ ಪಿತಾಮಹರೆಂಬ ಬಿರುದು ಇದರಿಂದ ಬಂದದ್ದು.

ದಾಸರು 1564ರಲ್ಲಿ ಹಂಪೆಯಲ್ಲಿ ದೇಹವಿಟ್ಟರೆಂದು ಸಾಮಾನ್ಯವಾಗಿ ಎಣಿಸುತ್ತಾರೆ. 1565ರ ಜನವರಿಯ ರಕ್ಕಸತಂಗಡಿ ಯುದ್ಧದ ಹಿಂದೆಯೇ ರಾಜಧಾನಿ ಹಾಳಾಯಿತು. ಅವರು ರಚಿಸಿದ ಕೃತಿಗಳು ನಾಲ್ಕು ಲಕ್ಷ ಎಪ್ಪತ್ತೈದು ಸಾವಿರವೆಂದು ಸಂಪ್ರದಾಯ ಹೇಳುತ್ತದೆ. ಉಳಿದಿರುವುದು ಅದರ ಅತ್ಯಲ್ಪಾಂಶ. ಅರಮನೆಯ ಆಶ್ರಯದಲ್ಲಿದ್ದ ಎಷ್ಟೋ ವಿದ್ಯೆಗಳು ಅರಮನೆಯೊಡನೆ ಮಣ್ಣುಗೂಡಿದಾಗ, ಭಿಕ್ಷೆಯ ಪದಗಳು ಮಾತ್ರ ಊರು ಬಿಟ್ಟವರೊಡನೆ ನಡೆದುಹೋದವು. ಹೊರುವ ಹೇರಿಲ್ಲದ, ಸುಂಕವಿಲ್ಲದ ಸರಕೆಂದು ಅವರು ಹೇಳಿದ್ದು ಹೀಗೆ ಅಕ್ಷರಶಃ ನಿಜವಾಯಿತು.

ಇಂದು ವಿಠ್ಠಲ ದೇವಾಲಯದ ಸ್ವರಸ್ತಂಭಗಳನ್ನು ಮುಟ್ಟಬಾರದೆಂಬ ಕಟ್ಟಳೆಯಿದೆ. ಹೊಸಪೇಟೆಯ ಅಣೆಕಟ್ಟೆಯಿಂದ ನೀರು ಹೆಚ್ಚಾಗಿ ಬಿಟ್ಟಾಗ ತುಂಗಭದ್ರೆಯ ದಡದ ಪುರಂದರ ಮಂಟಪ ಮುಳುಗಿಹೋಗುತ್ತದೆ. ಆ ಹೊತ್ತಿಗೂ ನಾಡಿನ ಯಾವುದೋ ಮನೆಯಲ್ಲಿ ಮಗುವೊಂದು ಶ್ರುತಿಗೆ ಕುಳಿತು, ತಪ್ಪುತ್ತ ತಿದ್ದಿಕೊಳ್ಳುತ್ತ, ಮೊದಲ ಸರಳೆ ವರಸೆಯನ್ನು ಹಾಡುತ್ತಿರುತ್ತದೆ.