ರಷ್ಯದ ಸಿಂಹ

ಬಾಲ್ಟಿಕ್ ಸಮುದ್ರದ ತೀರದಲ್ಲಿ ಎಸ್ಟೋನಿಯ ಎಂಬ ಪುಟ್ಟ ದೇಶವಿದೆ. ಹತ್ತೊಂಬತ್ತನೆಯ ಶತಮಾನದಲ್ಲಿ ಅದು ರಷ್ಯದ ಚಕ್ರವರ್ತಿಯ ಆಳ್ವಿಕೆಗೆ ಒಳಪಟ್ಟಿತ್ತು. ಅಲ್ಲಿನ ಡೋರ್ಪಾಟ್ ನಗರದಲ್ಲಿ ೧೮೭೭ರಲ್ಲಿ ಜಾರ್ಜ್ ಹ್ಯಾಕೆನ್‌ಶ್ಮಿಟ್ ಜನಿಸಿದನು. ಈಗ ಆ ಊರಿಗೆ ಟಾರ್ಟು ಎಂದು ಹೆಸರು. ಬಟ್ಟೆಗೆ ಬಣ್ಣ ಹಾಕುವುದು ಅವನ ತಂದೆಯ ಉದ್ಯೋಗ. ಬಾಲಕನಿಗೆ ಪಾಠಗಳಿಗಿಂತ ಅಂಗಸಾಧನೆಯಲ್ಲಿಯೇ ಹೆಚ್ಚು ಒಲವು. ಶಾಲೆಯ ವ್ಯಾಸಂಗ ಮುಗಿದ ಮೇಲೆ ಅವನು ರೆವಾಲ್ ಪಟ್ಟಣದ ಕಾರ್ಖಾನೆಯೊಂದನ್ನು ಸೇರಿ ಯಂತ್ರಗಳ ಕೆಲಸವನ್ನು ಕಲಿಯತೊಡಗಿದನು. ಬಿಡುವಿನ ವೇಳೆಯೆಲ್ಲ ಅಲ್ಲಿನ ವ್ಯಾಯಾಮ ಸಂಘದಲ್ಲಿಯೇ ಕಳೆಯುತ್ತಿತ್ತು.

ಒಂದು ದಿನ ಕೆಲಸದಲ್ಲಿ ತೊಡಗಿದ್ದಾಗ ಅವನ ಕೈಗೆ ಪೆಟ್ಟು ತಗುಲಿತು. ಚಿಕಿತ್ಸೆಯ ನಿಮಿತ್ತ ಅವನು ಡಾಕ್ಟರ್ ಕ್ರಾಯೆವ್‌ಸ್ಕಿಯ ಕಣ್ಣಿಗೆ ಬಿದ್ದನು. ಆ ವೈದ್ಯನು ಸೇಂಟ್ ಪೀಟರ್ಸ್‌ಬರ್ಗಿನಲ್ಲಿ ಮಲ್ಲರ ಸಂಘವನ್ನು ಕಟ್ಟಿ ಬೆಳೆಸಿದವನು. ಯುವಕನ ಮೈಕಟ್ಟನ್ನು ಪರೀಕ್ಷಿಸಿದ ಅವನು ಬೆರಗಾಗಿ, ತನ್ನ ಮನೆಗೇ ಬಂದು ನೆಲಸುವಂತೆ ಆಹ್ವಾನವಿತ್ತನು. ಹೀಗೆ ಒಂದು ಗಾಯವೇ ಹ್ಯಾಕೆನ್‌ಶ್ಮಿಟ್‌ನಿಗೆ ಅಖಾಡದ ಬಾಗಿಲನ್ನು ತೆರೆಯಿತು. ಅದನ್ನು ಮುಚ್ಚಿದ್ದೂ ಮತ್ತೊಂದು ಗಾಯವೇ.

೧೮೯೮ರಲ್ಲಿ ಅವನು ವೈದ್ಯನ ಆಶ್ರಯದಲ್ಲಿ ಸಾಮು ಆರಂಭಿಸಿದನು. ಅದೇ ವರ್ಷ ವಿಯೆನ್ನಾ ನಗರದ ಪಂದ್ಯಾವಳಿಯಲ್ಲಿ ಯೂರೋಪಿನ ಮಲ್ಲರನ್ನು ಸೋಲಿಸಿದನು. ನೆಲದ ಮೇಲೆ ಅಂಗಾತ ಮಲಗಿ ೩೬೧ ಪೌಂಡು ತೂಕವನ್ನು ತೋಳುಗಳಿಂದ ಎತ್ತಿದ ಅವನ ಸಾಹಸವನ್ನು ಬಹುಕಾಲ ಯಾರೂ ಮೀರಲಾಗಲಿಲ್ಲ. ೧೮೯೯ರಲ್ಲಿ ತೋಳು ನೊಂದು ಪ್ಯಾರಿಸ್ಸಿನ ಪಂದ್ಯಾವಳಿಯಿಂದ ಹಿಂದೆ ಸರಿಯಬೇಕಾಯಿತು; ದೀರ್ಘ ವಿಶ್ರಾಂತಿಯ ಬಳಿಕ ತೋಳು ಗುಣವಾಯಿತು. ಪ್ರಾಯದ ಹುಮ್ಮಸ್ಸಿನಲ್ಲಿದ್ದವನಿಗೆ ಅದೊಂದು ಎಚ್ಚರಿಕೆಯಂತೆ ತೋರಿರಲಾರದು.

೧೯೦೨ರಲ್ಲಿ ಅವನು ಇಂಗ್ಲೆಂಡಿಗೆ ಬಂದನು. ಅಲ್ಲಿನ ಜನರು ಅವನಿಗೆ ‘ರಷ್ಯದ ಸಿಂಹ’ ಎಂಬ ಬಿರುದನ್ನಿತ್ತರು. ೧೯೦೪ರ ಜನವರಿ ೩೦ರಂದು ಲಂಡನ್ನಿನ ಒಲಿಂಪಿಯಾ ಭವನದಲ್ಲಿ ತುರ್ಕಿ ಮಲ್ಲನಾದ ಅಹಮದ್ ಮದ್ರಾಲಿಯೊಡನೆ ಅವನ ಕಾಳಗ ಏರ್ಪಟ್ಟಿತು. ಮದ್ರಾಲಿಯು ಎತ್ತರದಲ್ಲಿಯೂ ಗಾತ್ರದಲ್ಲಿಯೂ ಹಿರಿಯನು. ಕಾಳಗವು ಗಂಟೆಗಟ್ಟಲೆ ನಡೆಯಬಹುದೆಂದು ಪ್ರೇಕ್ಷಕರು ಕಾದಿದ್ದರು. ಹ್ಯಾಕೆನ್‌ಶ್ಮಿಟ್‌ನು ಎದುರಾಳಿಯ ನಡುವನ್ನು ತಬ್ಬಿ, ಮೇಲೆತ್ತಿ, ನೆಲಕ್ಕೆ ಅಪ್ಪಳಿಸಿದನು. ಮದ್ರಾಲಿಯ ತೋಳಿನ ಕೀಲು ತಪ್ಪಿತು. ಕಾಳಗ ನಡೆದದ್ದು ಕೇವಲ ೪೪ ಸೆಕೆಂಡು. ನಗರವೆಲ್ಲ ಗೆದ್ದವನ ಬಲವನ್ನು ಕೊಂಡಾಡುತ್ತಿದ್ದಾಗ, ತಿಂಗಳುಗಳ ಸಿದ್ಧತೆಯನ್ನು ಒಂದು ಕ್ಷಣದಲ್ಲಿ ಕಳೆದುಕೊಂಡು ಕೈ ಹಿಡಿದು ಹೊರನಡೆದವನನ್ನು ನೆನೆದವರು ಹೆಚ್ಚಿರಲಾರರು.

೧೯೦೫ರ ಮೇ ತಿಂಗಳಲ್ಲಿ ನ್ಯೂಯಾರ್ಕಿನಲ್ಲಿ ಅಮೆರಿಕದ ಟಾಮ್ ಜೆಂಕಿನ್ಸ್‌ನನ್ನು ಸೋಲಿಸಿ ಅವನು ಜಗಜಟ್ಟಿ ಎನಿಸಿಕೊಂಡನು. ಈ ಗೆಲವಿನೊಡನೆ ಒಂದು ಮುಖ್ಯ ಬದಲಾವಣೆಯೂ ಬಂದಿತು. ಹ್ಯಾಕೆನ್‌ಶ್ಮಿಟ್‌ನು ಬೆಳೆದುಬಂದ ಗ್ರೀಕೋ-ರೋಮನ್ ಪದ್ಧತಿಯಲ್ಲಿ ಸೊಂಟದ ಕೆಳಗೆ ಹಿಡಿಯುವಂತಿಲ್ಲ. ಅಲ್ಲಿ ಎದೆಯೂ ತೋಳುಗಳೂ ಮಲ್ಲನ ಆಯುಧ. ಅಮೆರಿಕದಲ್ಲಿ ಪ್ರಚಾರದಲ್ಲಿದ್ದ ಮುಕ್ತ ಕುಸ್ತಿಯಲ್ಲಾದರೋ ಕಾಲನ್ನು ಹಿಡಿಯಬಹುದು, ತಿರುಚಬಹುದು. ಅಲ್ಲಿ ಮೊಣಕಾಲು ದುರ್ಬಲವಾದವನ ಪಟ್ಟವು ಭದ್ರವಲ್ಲ.

ಅಯೋವಾ ಪ್ರಾಂತದ ಫ್ರಾಂಕ್ ಗಾಚ್ ಎಂಬವನು ಕಾಲ್ಬೆರಳುಗಳನ್ನು ಹಿಡಿದು ಪಾದವನ್ನು ತಿರುಚುವ ಪಟ್ಟಿಗೆ ಪ್ರಸಿದ್ಧನಾಗಿದ್ದನು. ೧೯೦೮ರ ಏಪ್ರಿಲ್ ೩ರಂದು ಷಿಕಾಗೋ ನಗರದಲ್ಲಿ ಇಬ್ಬರೂ ಎದುರಾದರು. ಎರಡು ಗಂಟೆಗಳ ಕಾಲ, ಬಹುಪಾಲು ನಿಂತೇ, ಸೆಣಸಾಟ ನಡೆಯಿತು. ಕೊನೆಗೆ ಹ್ಯಾಕೆನ್‌ಶ್ಮಿಟ್‌ನು ಸೋಲೊಪ್ಪಿ, ಎರಡನೆಯ ಸುತ್ತಿಗೆ ಬರಲೇ ಇಲ್ಲ. ಗಾಚ್ ಮೈಗೆ ಎಣ್ಣೆ ಸವರಿಕೊಂಡಿದ್ದನೆಂದು ಅವನು ಆಮೇಲೆ ದೂರಿದನು. ದೂರಿನಲ್ಲಿ ಹುರುಳಿದ್ದರೂ ಇರಬಹುದು. ಆದರೆ ಷಿಕಾಗೋದಲ್ಲಿ ಗರಡಿಯ ಸಾಧನೆಯನ್ನು ಬಿಟ್ಟು ನಡಿಗೆಯನ್ನೇ ನೆಚ್ಚಿದ್ದು ಅವನದೇ ತಪ್ಪು. ಮೂರು ವರ್ಷಗಳ ಆಳ್ವಿಕೆ ಅಂದಿಗೆ ಕೊನೆಗೊಂಡಿತು.

ಕಳೆದುಕೊಂಡ ಪದವಿಯನ್ನು ಮರಳಿ ಪಡೆಯುವ ಹಂಬಲ ಮಾತ್ರ ಉಳಿಯಿತು. ೧೯೧೧ರ ಸೆಪ್ಟೆಂಬರ್ ೪ಕ್ಕೆ ಷಿಕಾಗೋದ ಕೊಮಿಸ್ಕಿ ಕ್ರೀಡಾಂಗಣದಲ್ಲಿ ಮರುಕಾಳಗ ಗೊತ್ತಾಯಿತು. ಈ ಸಲ ಅವನು ಸಾಧನೆಯಲ್ಲಿ ಏನನ್ನೂ ಕಡಿಮೆ ಮಾಡಲಿಲ್ಲ. ಅವನೊಡನೆ ಸಾಧನೆಗೆ ನಿಂತವರಲ್ಲಿ ಡಾಕ್ಟರ್ ಬೆಂಜಮಿನ್ ರೋಲರ್ ಒಬ್ಬನು. ೧೯೧೦ರಲ್ಲಿ ಲಂಡನ್ನಿಗೆ ಹೋಗಿದ್ದ ನಮ್ಮ ದೇಶದ ಗಾಮಾನ ಕೈಯಲ್ಲಿ ಸೋತವನು ಇದೇ ರೋಲರ್. ಗಾಚ್ ಮತ್ತು ಹ್ಯಾಕೆನ್‌ಶ್ಮಿಟ್ ಇಬ್ಬರೊಡನೆಯೂ ಸೆಣಸುವ ಅವಕಾಶ ಗಾಮಾನಿಗೆ ದೊರೆಯಲೇ ಇಲ್ಲವೆಂಬುದು ಕುಸ್ತಿಪ್ರಿಯರನ್ನು ಇಂದಿಗೂ ಕಾಡುವ ಕೊರಗು.

ಈ ಸಾಧನೆಯ ದಿನಗಳಲ್ಲಿಯೇ ಹ್ಯಾಕೆನ್‌ಶ್ಮಿಟ್‌ನ ಮೊಣಕಾಲು ಜಖಂಗೊಂಡಿತು. ಎದುರಾಳಿಯ ಕಡೆಯವರು ಹಣ ಕೊಟ್ಟು ಬೇಕೆಂದೇ ಗಾಯಮಾಡಿಸಿದರೆಂಬ ವದಂತಿ ಹಬ್ಬಿ, ಬಹುಕಾಲ ಜನರ ಬಾಯಲ್ಲಿ ಉಳಿಯಿತು. ಹ್ಯಾಕೆನ್‌ಶ್ಮಿಟ್‌ನಾದರೋ ಅದನ್ನು ರೋಲರ್‌ನೊಡನೆ ಸೆಣಸುವಾಗ ಸಂಭವಿಸಿದ ಆಕಸ್ಮಿಕವೆಂದೇ ಹೇಳಿದನು. ಸೋತವನಿಗೆ ಮೋಸದ ಕಥೆಯೊಂದು ಊರುಗೋಲಾಗುವುದುಂಟು. ಅವನು ಅದನ್ನು ಹಿಡಿಯಲಿಲ್ಲ. ಪಂದ್ಯದಿಂದ ಹಿಂದೆ ಸರಿಯುವುದೂ ಸುಲಭವಾಗಿರಲಿಲ್ಲ. ಸುಮಾರು ಮೂವತ್ತು ಸಾವಿರ ಜನ ಹಣ ತೆತ್ತು ಬಂದರು; ಸಂಗ್ರಹವಾದ ಮೊತ್ತ ೮೭,೦೦೦ ಡಾಲರುಗಳನ್ನು ಮುಟ್ಟಿತು. ಮಲ್ಲನೊಬ್ಬನ ಕಾಲುನೋವು ಇಷ್ಟೆಲ್ಲ ಏರ್ಪಾಡನ್ನು ತಡೆಯುವುದು ವ್ಯವಸ್ಥಾಪಕರಿಗೆ ಇಷ್ಟವಾಗದ ಮಾತು. ಗಾಯದ ಸುದ್ದಿ ಹೊರಬಿದ್ದುದರಿಂದ, ಬಾಜಿಗಳೆಲ್ಲ ರದ್ದಾದವೆಂದು ಕಾಳಗಕ್ಕೆ ಮೊದಲೇ ಸಾರಲಾಯಿತು.

ಅವನು ಅಖಾಡಕ್ಕೆ ಇಳಿದನು. ಭಾರವನ್ನು ಹೊರಲಾರದ ಕಾಲಿನಿಂದ ಮುನ್ನುಗ್ಗುವುದು ಸಾಧ್ಯವಿರಲಿಲ್ಲ. ಗಾಚ್‌ಗೂ ಅದು ತಿಳಿದಿತ್ತು. ಮೊದಲ ಸುತ್ತು ಕಾಲು ಗಂಟೆಯೊಳಗೆ ಮುಗಿಯಿತು. ಎರಡನೆಯದು ಆರು ನಿಮಿಷವೂ ನಡೆಯಲಿಲ್ಲ. ಆ ಕುಖ್ಯಾತ ಪಾದದ ಪಟ್ಟು ಬಿದ್ದೊಡನೆ ಹ್ಯಾಕೆನ್‌ಶ್ಮಿಟ್‌ನು ಸೋಲೊಪ್ಪಿಕೊಂಡನು. ಆಗ ಅವನಿಗೆ ಮೂವತ್ತನಾಲ್ಕು ವರ್ಷ. ಅಲ್ಲಿಗೆ ಅವನ ಮಲ್ಲಜೀವನ ಮುಗಿಯಿತು.

ಗೆದ್ದವನ ಕಥೆಯೂ ನಿಷ್ಕಂಟಕವಾಗಿರಲಿಲ್ಲ. ೧೯೧೩ರಲ್ಲಿ ನಿವೃತ್ತನಾದ ಗಾಚ್ ಮತ್ತೆ ಅಖಾಡಕ್ಕೆ ಬರುವ ಯತ್ನದಲ್ಲಿದ್ದಾಗ, ೧೯೧೬ರಲ್ಲಿ, ಅವನ ಕಾಲಿನ ಎಲುಬು ಮುರಿಯಿತು. ಮರುವರ್ಷದ ಡಿಸೆಂಬರಿನಲ್ಲಿ, ನಲವತ್ತು ತುಂಬುತ್ತಿದ್ದ ವಯಸ್ಸಿನಲ್ಲಿ, ಅವನು ವ್ಯಾಧಿಯಿಂದ ತೀರಿಕೊಂಡನು.

ಹ್ಯಾಕೆನ್‌ಶ್ಮಿಟ್‌ನು ಮುಂದೆ ಐವತ್ತು ವರ್ಷ ಬಾಳಿದನು. ಅಖಾಡವನ್ನು ಬಿಟ್ಟವನು ಗ್ರಂಥಗಳತ್ತ ತಿರುಗಿ, ದೇಹ ಮತ್ತು ಮನಸ್ಸುಗಳ ಸಂಬಂಧವನ್ನು ಕುರಿತು ಚಿಂತಿಸಿ ಬರೆದನು. ಅಂಗಸಾಧನೆಯನ್ನು ಕುರಿತ ಅವನ ಪುಸ್ತಕವನ್ನು ಹಲವು ದೇಶಗಳ ತರುಣರು ಓದಿದರು. ಲಂಡನ್ನಿನ ದಕ್ಷಿಣ ಭಾಗದಲ್ಲಿ ನೆಲಸಿದ್ದ ಅವನು ಮುಪ್ಪಿನಲ್ಲಿಯೂ ನಿತ್ಯದ ಸಾಧನೆಯನ್ನು ಕೈಬಿಡಲಿಲ್ಲ. ಕುರ್ಚಿಯೊಂದನ್ನು ಮುಂದಿರಿಸಿಕೊಂಡು ಅದರ ಮೇಲೆ ಹಾರಿ ದಾಟುವುದು ಆ ಸಾಧನೆಗಳಲ್ಲಿ ಒಂದು. ೧೯೬೮ರ ಫೆಬ್ರವರಿ ೧೯ರಂದು, ತನ್ನ ತೊಂಬತ್ತನೆಯ ವಯಸ್ಸಿನಲ್ಲಿ, ಅವನು ನಿಧನನಾದನು.